ನಿಮ್ಮ ಇಮೇಲ್‌ನಲ್ಲಿ ಅಡಗಿ ಕೂತಿರುವ ಮೂರನೆಯವನು ಯಾರು?

ಯೌವನಸ್ಥರ ಕೂಟ, ತುರುವೇಕೆರೆ. ಸಂದೇಶದ ಬರಹರೂಪ.
ವಾಕ್ಯಭಾಗ: ಯೆರೆಮೀಯ 32:6–15, ಮತ್ತಾಯ 18:15–17

ಸತ್ಯವೇದ ತೆಗೆದು ಯೆರೆಮೀಯ 32ಕ್ಕೆ ಬನ್ನಿ. ಮೊಬೈಲಲ್ಲಿ ಓದೋರು ದಯವಿಟ್ಟು ವಾಟ್ಸಾಪ್ ಸದ್ದು ನಿಲ್ಲಿಸ್ಕೊಳ್ಳಿ, ಇಲ್ಲಾಂದ್ರೆ ಪ್ರವಾದಿ ಮಾತಾಡೋವಾಗ ನಡುವೆ ಆಫೀಸ್ ಗ್ರೂಪ್ ಮಾತಾಡುತ್ತೆ.

ಇವತ್ತಿನ ವಿಷಯ ನಾನು ಆರಿಸಿದ್ದಲ್ಲ. ಬೆಂಗಳೂರಲ್ಲಿ ಒಂದು ಕಂಪನಿಯಲ್ಲಿ ಕೆಲಸ ಮಾಡೋ ನಮ್ಮ ಸೀಮೆಯ ಒಬ್ಬ ಸಹೋದರಿ ಕೇಳಿದ ಪ್ರಶ್ನೆ ಇದು. ಆಕೆಯ ಒಪ್ಪಿಗೆ ಪಡೆದೇ ಹೇಳ್ತಿದ್ದೀನಿ. ಹೆಸರು, ಕಂಪನಿ ಬೇಡ. ಆಫೀಸಿನ ಇಮೇಲ್‌ಗಳ ಅಡ್ಮಿನ್ ಕೆಲಸ ಆಕೆಯದು. ಮ್ಯಾನೇಜರ್ ಕರೆದು ಹೇಳಿದರಂತೆ: ಈ ಟೀಮಿನ ಒಂಬತ್ತು ಜನ ಹೊರಗೆ ಕಳಿಸೋ ಪ್ರತಿಯೊಂದು ಮೇಲ್‌ನ ಒಂದು ಬಿಸಿಸಿ ತಾನಾಗೇ ನನಗೆ ಬರೋ ಹಾಗೆ ಸೆಟ್ಟಿಂಗ್ ಮಾಡಮ್ಮ, ಯಾರಿಗೂ ಹೇಳಬೇಡ. ಹತ್ತು ನಿಮಿಷದ ಕೆಲಸ. ಆಕೆ ನನಗೆ ಬರೆದಳು, “ಪಾಸ್ಟರ್, ಇದು ಪಾಪಾನಾ, ಅಥವಾ ನಾನು ಸುಮ್ನೆ ತಲೆ ಕೆಡಿಸ್ಕೊಂಡಿದ್ದೀನಾ?”

ಪಾಪ ಅಥವಾ ಪಾಪ ಅಲ್ಲ ಅಂತ ಒಂದೇ ಮಾತಲ್ಲಿ ಉತ್ತರ ಕೊಟ್ಟು ಕಳಿಸೋದು ಸುಲಭ. ಆದರೆ ಆಕೆಯ ಮನಸ್ಸಾಕ್ಷಿ ಒಂದು ಕಡೆ ಚುಚ್ಚಿದೆ. ಎಲ್ಲಿ ಚುಚ್ಚಿತು ಅಂತ ಸರಿಯಾಗಿ ಬೆರಳಿಟ್ಟು ನೋಡಬೇಕು.

ನಮ್ಮ ಅಪ್ಪ ಅಮ್ಮಂದಿರೂ ಇಲ್ಲಿದ್ದಾರೆ, ಅವರಿಗೋಸ್ಕರ ಸ್ವಲ್ಪ ಬಿಡಿಸಿ ಹೇಳ್ತೀನಿ. ತಿಪಟೂರು ಮಂಡಿಗೆ ಕೊಬ್ಬರಿ ಹಾಕಿದಾಗ ಗುಮಾಸ್ತ ರಸೀದಿ ಪುಸ್ತಕ ತೆಗೀತಾನೆ. ಎರಡು ಹಾಳೆ ನಡುವೆ ನೀಲಿ ಕಾರ್ಬನ್ ಇಡ್ತಾನೆ, ಪೆನ್ನು ಒತ್ತಿ ಬರೀತಾನೆ. ಮೇಲಿನ ಹಾಳೆ ನಿಮಗೆ, ಕೆಳಗಿನದು ಮಂಡಿಗೆ. ಇಮೇಲ್‌ನಲ್ಲಿ ಸಿಸಿ ಅನ್ನೋದು ಇದೇ, ಕಾರ್ಬನ್ ಕಾಪಿ. ಯಾರ್ಯಾರಿಗೆ ನಕಲು ಹೋಗಿದೆ ಅಂತ ಎಲ್ಲರಿಗೂ ಕಾಣುತ್ತೆ. ಬಿಸಿಸಿ ಅಂದ್ರೆ ಬ್ಲೈಂಡ್ ಕಾರ್ಬನ್ ಕಾಪಿ. ನಕಲು ಹೋಗುತ್ತೆ, ಆದರೆ ಹೋಗಿದೆ ಅನ್ನೋದೇ ಪತ್ರ ಪಡೆದವರಿಗೆ ಕಾಣಲ್ಲ. ಇದು ಇಮೇಲ್‌ಗಿಂತ ಹಳೇದು. ಟೈಪ್‌ರೈಟರ್ ಕಾಲದಲ್ಲಿ ಟೈಪಿಸ್ಟ್ ಅಸಲು ಹಾಳೆಯನ್ನ ಮೆಷಿನ್‌ನಿಂದ ತೆಗೆದಿಟ್ಟು, ಇಂಥವರಿಗೂ ಕಳಿಸಿದೆ ಅನ್ನೋ ಸಾಲನ್ನ ನಕಲಿನ ಮೇಲೆ ಮಾತ್ರ ಹೊಡೀತಿದ್ದರು. 1982ರ ಇಮೇಲ್ ನಿಯಮಾವಳಿಯಲ್ಲೇ ಬಿಸಿಸಿಗೆ ಜಾಗ ಇತ್ತು. ಪತ್ರದ ಮೇಲೆ ಒಂದು ಹೆಸರು, ಲಕೋಟೆ ಮೇಲೆ ಇನ್ನೊಂದು ಹೆಸರು. ಅಷ್ಟೇ ಅದರ ಗುಟ್ಟು.

ತಾನಾಗೇ ಹೋಗೋದು ಅಂದ್ರೆ? ಥಂಡರ್‌ಬರ್ಡ್‌ನಲ್ಲಿ ನಿಮ್ಮ ಖಾತೆಯ ಸೆಟ್ಟಿಂಗ್‌ನಲ್ಲಿ ಒಂದು ವಿಳಾಸ ಬರೆದಿಟ್ಟರೆ ಮುಗೀತು, ಕಳಿಸಿದ್ದೆಲ್ಲ ಅಲ್ಲಿಗೂ ಹೋಗುತ್ತೆ. ಪೋಸ್ಟ್‌ಫಿಕ್ಸ್ ಅನ್ನೋ ಸರ್ವರ್ ತಂತ್ರಾಂಶದಲ್ಲಿ “ಆಲ್ವೇಸ್ ಬಿಸಿಸಿ” ಅಂತಲೇ ಒಂದು ಸಾಲಿದೆ. ಕಂಪನಿಯ ಅಡ್ಮಿನ್ ನಿಯಮ ಹಾಕಿದರೆ ಕಳಿಸಿದವನಿಗೂ ಗೊತ್ತಾಗಲ್ಲ. ಇಲ್ಲಿ ಒಂದು ಸೂಕ್ಷ್ಮ ಇದೆ. ಟೈಪಿಸ್ಟ್ ಪ್ರತಿ ಸಲ ಹಾಳೆ ತೆಗೆದು ಸಾಲು ಹೊಡೀಬೇಕಿತ್ತು. ಪ್ರತಿ ಸಲವೂ ಕೈ ಒಂದು ಕ್ಷಣ ನಿಲ್ತಿತ್ತು, ಮನಸ್ಸಾಕ್ಷಿಗೆ ಆ ಒಂದು ಕ್ಷಣ ಸಿಗ್ತಿತ್ತು. ಸೆಟ್ಟಿಂಗ್‌ಗೆ ಆ ಕ್ಷಣ ಬೇಕಿಲ್ಲ. ಮಾಡಿದವರು ಮರೆತೇ ಹೋಗ್ತಾರೆ, ಕೆಲಸ ಬಿಟ್ಟೂ ಹೋಗ್ತಾರೆ, ನಕಲು ಮಾತ್ರ ಹೋಗ್ತಾನೇ ಇರುತ್ತೆ.

ಈಗ ಯೆರೆಮೀಯ. ಬಾಬೆಲಿನ ಸೈನ್ಯ ಯೆರೂಸಲೇಮನ್ನ ಮುತ್ತಿಗೆ ಹಾಕಿದೆ, ಪ್ರವಾದಿ ಕಾವಲಿನಲ್ಲಿದ್ದಾನೆ. ಅಂಥ ಹೊತ್ತಲ್ಲಿ ಚಿಕ್ಕಪ್ಪನ ಮಗ ಬಂದು ಅನಾತೋತಿನ ಹೊಲ ಕೊಂಡುಕೋ ಅಂತಾನೆ. ಯೆರೆಮೀಯ ಹದಿನೇಳು ಶೆಕೆಲ್ ಬೆಳ್ಳಿ ತೂಗಿ ಕೊಡ್ತಾನೆ. ಕ್ರಯಪತ್ರ ಬರೆಸ್ತಾನೆ, ಸಾಕ್ಷಿಗಳ ರುಜು ಹಾಕಿಸ್ತಾನೆ. ಆ ಪತ್ರ ಎರಡು ಪ್ರತಿ ಇದೆ ನೋಡಿ: ಒಂದು ಮುದ್ರೆ ಹಾಕಿ ಮುಚ್ಚಿದ್ದು, ಇನ್ನೊಂದು ತೆರೆದಿದ್ದು. ಎರಡನ್ನೂ ಕಾರಾಗೃಹದ ಅಂಗಳದಲ್ಲಿ ಕೂತಿದ್ದ ಎಲ್ಲರ ಕಣ್ಣೆದುರು ಬಾರೂಕನ ಕೈಗೆ ಕೊಟ್ಟು, ಬಹುಕಾಲ ಉಳೀಲಿ ಅಂತ ಮಣ್ಣಿನ ಪಾತ್ರೆಯಲ್ಲಿ ಇಡಿಸ್ತಾನೆ. ಇಲ್ಲಿ ಸಬ್ ರಿಜಿಸ್ಟ್ರಾರ್ ಕಚೇರಿಯಲ್ಲಿ ತೆಂಗಿನ ತೋಟ ಬರೆಸಿಕೊಂಡವರಿಗೆ ಈ ಅಧ್ಯಾಯ ಹೊಸದಲ್ಲ. ಸಾಕ್ಷಿ, ಚಕ್ಕುಬಂದಿ, ನಕಲು, ಎಲ್ಲಾ ಬೇಕು.

ಹಾಗಾದ್ರೆ ನಕಲು ಇಡೋದು ಅಪನಂಬಿಕೆ ಅಂತ ಯಾರಾದ್ರೂ ಹೇಳಿದ್ರೆ ನಾನು ಒಪ್ಪಲ್ಲ. ನಕಲು ಇಲ್ಲದೆ ಇರೋದರ ನೋವು ನಮ್ಮ ರೈತರಿಗೆ ಗೊತ್ತು. ಬಿಳಿ ಚೀಟಿ ಅಂತಾರಲ್ಲ, ಲೆಕ್ಕಕ್ಕೆ ಸೇರದ ತುಂಡು ಕಾಗದ, ನಾಳೆ ತಕರಾರು ಬಂದರೆ ಅದಕ್ಕೆ ಅಪ್ಪ ಅಮ್ಮ ಯಾರೂ ಇಲ್ಲ. ಅಲ್ಲಿ ಸಾಕ್ಷಿಯೇ ಇಲ್ಲ. ಗುಟ್ಟಾದ ಬಿಸಿಸಿಯಲ್ಲಿ ಸಾಕ್ಷಿ ಇದ್ದಾನೆ, ಆದರೆ ಕಂಬದ ಹಿಂದೆ ನಿಂತಿದ್ದಾನೆ. ಎರಡರಲ್ಲೂ ಒಬ್ಬನಿಗೆ ಗೊತ್ತಿರೋದು ಇನ್ನೊಬ್ಬನಿಗೆ ಗೊತ್ತಿಲ್ಲ.

ಆದರೆ ಗುಟ್ಟು ಅಂದ ತಕ್ಷಣ ಕೆಟ್ಟದ್ದು ಅಂತಲೂ ಅಲ್ಲ. ಕಾಯಿ ಅಟ್ಟದ ಮೇಲೆ ಹೆಚ್ಚೂಕಮ್ಮಿ ಒಂದು ವರ್ಷ ಯಾರ ಕಣ್ಣಿಗೂ ಬೀಳದೆ ಕೂತರೇನೇ ಉಂಡೆ ಕೊಬ್ಬರಿ ಆಗೋದು. ಬಲಗೈ ಕೊಟ್ಟಿದ್ದು ಎಡಗೈಗೆ ಗೊತ್ತಾಗಬಾರದು ಅನ್ನೋ ಅರ್ಥದಲ್ಲಿ ಕರ್ತನೇ ಮತ್ತಾಯ 6ರಲ್ಲಿ ಹೇಳಿದ. ದನದ ಜಾತ್ರೇಲಿ ಟವೆಲ್ ಮುಚ್ಚಿ ಬೆರಳು ಹಿಡಿದು ಬೆಲೆ ಕಟ್ತಾರೆ. ಸುತ್ತ ನಿಂತ ನೂರು ಜನಕ್ಕೆ ಬೆಲೆ ಗೊತ್ತಾಗಲ್ಲ, ಆದರೆ ಟವೆಲ್ ಒಳಗಿರೋ ಎರಡು ಕೈಗೂ ಗೊತ್ತು, ಮತ್ತು ಇಲ್ಲೊಂದು ಗುಟ್ಟು ನಡೀತಿದೆ ಅಂತ ನೂರು ಜನಕ್ಕೂ ಗೊತ್ತು. ಎಪಿಎಂಸಿಯ ಆನ್‌ಲೈನ್ ಟೆಂಡರ್‌ನಲ್ಲೂ ಒಬ್ಬ ವರ್ತಕ ಬರೆದ ದರ ಇನ್ನೊಬ್ಬನಿಗೆ ಕಾಣಲ್ಲ, ಆದರೆ ಕಾಣಬಾರದು ಅನ್ನೋ ನಿಯಮ ಎಲ್ಲರಿಗೂ ಗೊತ್ತು. ಬಿಸಿಸಿಗೂ ಇಂಥ ಒಳ್ಳೇ ಉಪಯೋಗ ಇದೆ. ನಮ್ಮ ಯೌವನಸ್ಥರ ಕೂಟದ ಆಹ್ವಾನ ಇನ್ನೂರು ಜನಕ್ಕೆ ಹೋಗುವಾಗ ಎಲ್ಲರ ವಿಳಾಸ ಎಲ್ಲರಿಗೂ ಕಾಣದಿರಲಿ ಅಂತ ಬಿಸಿಸಿಯಲ್ಲೇ ಹಾಕ್ತೀವಿ. ಅದು ನಿಮ್ಮನ್ನ ಕಾಯೋಕೆ. ನಿಮ್ಮದೇ ಇನ್ನೊಂದು ವಿಳಾಸಕ್ಕೆ ನಕಲು ಕಳಿಸ್ಕೊಳ್ತೀರಾ, ಅದು ಡೈರಿ ಇಟ್ಟ ಹಾಗೆ, ಅದರ ಬಗ್ಗೆ ನನಗೆ ಮಾತಿಲ್ಲ.

ಹಾಗಾಗಿ ನಾನು ಕೇಳೋದು ಇಷ್ಟು: ನಾನು ಯಾರ ಜೊತೆ ಮಾತಾಡ್ತಿದ್ದೀನೋ, ಆ ಮನುಷ್ಯನಿಗೆ ಈ ಮಾತಲ್ಲಿ ಮೂರನೆಯವನು ಇದ್ದಾನೆ ಅಂತ ಗೊತ್ತಾ? ಊರೀಯನ ಕೈಯಲ್ಲಿ ದಾವೀದ ಪತ್ರ ಕೊಟ್ಟು ಯೋವಾಬನ ಹತ್ತಿರ ಕಳಿಸ್ತಾನೆ, ಎರಡನೇ ಸಮುವೇಲ 11. ಆ ನಂಬಿಗಸ್ತ ಸೈನಿಕ ತನ್ನ ಮರಣದ ಆಜ್ಞೆಯನ್ನ ತಾನೇ ಹೊತ್ಕೊಂಡು ಹೋದ. ನಿಮ್ಮ ಮ್ಯಾನೇಜರ್‌ಗೆ ಹೋಗೋ ಬಿಸಿಸಿ ಯಾರನ್ನೂ ಕೊಲ್ಲಲ್ಲ, ನನಗೆ ಗೊತ್ತು. ಆದರೆ ರಚನೆ ಒಂದೇ. ಒಬ್ಬ ಮನುಷ್ಯನ ಕೈಯಿಂದಲೇ, ಅವನಿಗೆ ತಿಳಿಯದ ಒಂದು ಕೆಲಸ ನಡೀತಿದೆ. ಇನ್ನೊಂದು ವಿಷಯ ಬಹಳ ಜನ ಗಮನಿಸಲ್ಲ. ಹೊರಗೆ ಹೋಗೋ ಮೇಲ್ ಮಾತ್ರ ತಾನೇ, ನಮ್ಮವರ ಮಾತು ಮಾತ್ರ ತಾನೇ ಅಂತೀರಿ. ಉತ್ತರ ಬರೆದಾಗ ಕೆಳಗೆ ಏನಿರುತ್ತೆ? ಎದುರಿನವರು ಬರೆದದ್ದು ಪೂರ್ತಿ ಇರುತ್ತೆ. ಗ್ರಾಹಕಿ ಒಬ್ಬಳು ಗಂಡ ತೀರಿಕೊಂಡಿದ್ದಾನೆ, ಕಂತು ಕಟ್ಟೋಕೆ ಎರಡು ತಿಂಗಳು ಸಮಯ ಕೊಡಿ ಅಂತ ಬರೆದರೆ, ಆಕೆಯ ಕಣ್ಣೀರೂ ಆ ನಕಲಿನ ಜೊತೆ ಹೋಗುತ್ತೆ. ಟೀಮಿನ ಹುಡುಗರು ಕೆಲಸಕ್ಕೆ ಸೇರುವಾಗ ಏನೋ ಒಂದಕ್ಕೆ ಸಹಿ ಹಾಕಿರಬಹುದು. ಆಕೆ ಯಾವುದಕ್ಕೂ ಸಹಿ ಹಾಕಿಲ್ಲ.

ಇಲ್ಲಿ ನಮ್ಮ ವಿಶ್ವಾಸಿಗಳೇ ಒಂದು ವಾದ ತರ್ತಾರೆ. ಕೇಳೋಕೆ ಬಹಳ ಆತ್ಮಿಕವಾಗಿರುತ್ತೆ. “ಬ್ರದರ್, ದೇವರು ಎಲ್ಲಾ ನೋಡ್ತಾನೆ. ಸರಿಯಾಗಿ ನಡೆಯೋನಿಗೆ ಬಾಸ್ ನೋಡಿದ್ರೆ ಏನು ಭಯ?” ನಾನೂ ಈ ಮಾತಿನ ಮೇಲೆ ಬಹಳ ದಿನ ಯೋಚನೆ ಮಾಡಿದ್ದೀನಿ. ಇದು ಅರ್ಧ ನಿಜ, ಅದಕ್ಕೇ ಅಪಾಯ.

ದೇವರು ನೋಡ್ತಾನೆ, ಆಮೆನ್. ಆದರೆ ಹೇಗೆ ನೋಡ್ತಾನೆ? ಕೀರ್ತನೆ 139 ಮನೆಗೆ ಹೋಗಿ ಪೂರ್ತಿ ಓದಿ. ನಾನು ಕೂತಿದ್ದು, ಎದ್ದಿದ್ದು, ನಾಲಿಗೆಗೆ ಬರೋ ಮೊದಲೇ ನನ್ನ ಮಾತು, ಎಲ್ಲಾ ನಿನಗೆ ಗೊತ್ತು ಅಂತ ದಾವೀದ ಹೇಳ್ತಾನೆ. ಯಾರಿಗೆ ಹೇಳ್ತಾನೆ? ದೇವರಿಗೇ ಹೇಳ್ತಾನೆ. ತನ್ನನ್ನ ನೋಡ್ತಿರೋನ ಮುಖ ನೋಡಿಯೇ ಮಾತಾಡ್ತಾನೆ. ಕೀರ್ತನೆಯ ಕೊನೆಗೆ ಬರುವಷ್ಟರಲ್ಲಿ ನನ್ನನ್ನ ಪರೀಕ್ಷಿಸು ಅಂತ ತಾನೇ ಬಾಗಿಲು ತೆರೀತಾನೆ. ಕಂಬದ ಹಿಂದೆ ನಿಂತು ಕೇಳೋನ ಜೊತೆ ಹೀಗೆ ಮಾತಾಡೋಕೆ ಆಗುತ್ತಾ? ಮರುಭೂಮಿಯಲ್ಲಿ ಹಾಗರಳನ್ನ ದೇವರು ನೋಡಿದ. ನೋಡಿ ಸುಮ್ಮನಿರಲಿಲ್ಲ, ಹೆಸರು ಹಿಡಿದು ಕರೆದ, ಎಲ್ಲಿಂದ ಬಂದೆ, ಎಲ್ಲಿಗೆ ಹೋಗ್ತೀಯ ಅಂತ ಕೇಳಿದ. ಆಗಲೇ ಅವಳು ಆತನಿಗೆ ನೋಡುವ ದೇವರು ಅಂತ ಹೆಸರಿಟ್ಟಿದ್ದು.

ಆದಿಕಾಂಡ 18 ಇನ್ನೂ ಆಶ್ಚರ್ಯ. ಸೊದೋಮಿನ ಮೇಲೆ ವಿಚಾರಣೆಗೆ ಹೋಗೋ ಮುಂಚೆ, ನಾನು ಮಾಡೋದನ್ನ ಅಬ್ರಹಾಮನಿಗೆ ಮರೆಮಾಡಲೋ ಅಂತ ಕರ್ತನು ಯೋಚಿಸ್ತಾನೆ. ಮರೆಮಾಡಲ್ಲ. ಹೇಳ್ತಾನೆ. ಹೇಳಿದ್ದರಿಂದ ಏನಾಯ್ತು? ಅಬ್ರಹಾಮ ಎದುರು ನಿಂತು ಐವತ್ತರಿಂದ ಹತ್ತಕ್ಕೆ ಚೌಕಾಸಿ ಮಾಡಿದ. ಮಂಡಿ ವ್ಯಾಪಾರಿ ತರ! ಸರ್ವಶಕ್ತನು ನಿಂತು ಕೇಳಿದ. ತಿಳಿಸೋದು ಅಂದ್ರೆ ಇದೇ. ಎದುರಿನವನಿಗೆ ಪ್ರಶ್ನೆ ಮಾಡೋಕೆ ಜಾಗ ಸಿಗುತ್ತೆ. ಗುಟ್ಟಾಗಿ ನೋಡೋನು ಮೊದಲು ಕಿತ್ತುಕೊಳ್ಳೋದು ಆ ಜಾಗವನ್ನೇ. ಆದ್ದರಿಂದ ದೇವರು ಎಲ್ಲಾ ನೋಡ್ತಾನಲ್ಲ ಅಂತ ಹೇಳಿ ಒಬ್ಬ ಮನುಷ್ಯನ ಕದ್ದು ನೋಡೋ ಕಣ್ಣಿಗೆ ದಯವಿಟ್ಟು ದೇವರ ಹೆಸರು ಅಂಟಿಸಬೇಡಿ. ಮಹಾಯಾಜಕನ ಎದುರು ಯೇಸು, ನಾನು ಬಹಿರಂಗವಾಗಿ ಮಾತಾಡಿದ್ದೀನಿ, ಗುಟ್ಟಾಗಿ ಏನೂ ಹೇಳಲಿಲ್ಲ ಅನ್ನೋ ಅರ್ಥದಲ್ಲಿ ಉತ್ತರ ಕೊಟ್ಟ, ಯೋಹಾನ 18. ತನ್ನ ಮಾತಿಗೆ ಸಾಕ್ಷಿ ಬೇಕಿದ್ದರೆ ಕೇಳಿದವರನ್ನೇ ಕೇಳಿ ಅಂದ. ಆತನಿಗೆ ಸಾಕ್ಷಿಗಳ ಭಯ ಇರಲಿಲ್ಲ, ಆತನ ಸಾಕ್ಷಿಗಳೆಲ್ಲ ಬೆಳಕಲ್ಲಿದ್ದರು.

ನಮ್ಮ ಕನ್ನಡಕ್ಕೆ ಈ ವಿಷಯ ಮೊದಲೇ ಗೊತ್ತಿತ್ತು ಅನ್ಸುತ್ತೆ. ಫೋನ್ ಟ್ಯಾಪಿಂಗ್‌ಗೆ ನಮ್ಮ ಪತ್ರಿಕೆಗಳು ಏನು ಬರೀತವೆ? ಕದ್ದಾಲಿಕೆ. ಕದ್ದು ಆಲಿಸೋದು. ಕೇಳೋದನ್ನ ಕಳ್ಳತನದ ಲೆಕ್ಕಕ್ಕೆ ಹಾಕಿಬಿಟ್ಟಿದೆ ಭಾಷೆ. 1988ರಲ್ಲಿ ನಮ್ಮ ಮುಖ್ಯಮಂತ್ರಿ ರಾಮಕೃಷ್ಣ ಹೆಗಡೆಯವರು ದೂರವಾಣಿ ಕದ್ದಾಲಿಕೆಯ ಆರೋಪದ ನಡುವೆ ರಾಜೀನಾಮೆ ಕೊಟ್ಟಿದ್ದು ಇಲ್ಲಿರೋ ಹಿರಿಯರಿಗೆ ನೆನಪಿರುತ್ತೆ. 2017ರ ಆಗಸ್ಟ್ 24ರಂದು ಸುಪ್ರೀಂ ಕೋರ್ಟಿನ ಒಂಬತ್ತು ನ್ಯಾಯಮೂರ್ತಿಗಳು ಖಾಸಗಿತನ ಮೂಲಭೂತ ಹಕ್ಕು ಅಂತ ತೀರ್ಪು ಕೊಟ್ಟರು. ಆ ಪ್ರಕರಣಕ್ಕೆ ಹೆಸರು ಬಂದಿದ್ದು ಕರ್ನಾಟಕ ಹೈಕೋರ್ಟಿನ ನಿವೃತ್ತ ನ್ಯಾಯಮೂರ್ತಿ ಕೆ.ಎಸ್. ಪುಟ್ಟಸ್ವಾಮಿಯವರಿಂದ. ಅದೇ ವರ್ಷ ಸೆಪ್ಟೆಂಬರ್‌ನಲ್ಲಿ ಯುರೋಪಿನ ಮಾನವ ಹಕ್ಕುಗಳ ನ್ಯಾಯಾಲಯ ರೊಮೇನಿಯಾದ ಬರ್ಬುಲೆಸ್ಕು ಅನ್ನೋ ನೌಕರನ ಪರ ತೀರ್ಪು ಕೊಟ್ಟಿತು. ಕಂಪನಿ ಅವನ ಯಾಹೂ ಮೆಸೆಂಜರ್ ಸಂದೇಶಗಳನ್ನ ಓದಿ ಕೆಲಸದಿಂದ ತೆಗೆದಿತ್ತು. ಕಂಪನಿ ಏನನ್ನೂ ನೋಡಲೇಬಾರದು ಅಂತ ಆ ಕೋರ್ಟ್ ಹೇಳಲಿಲ್ಲ. ನೋಡ್ತೀವಿ, ಎಷ್ಟರಮಟ್ಟಿಗೆ ನೋಡ್ತೀವಿ ಅಂತ ಮುಂಚೆಯೇ ಅವನಿಗೆ ತಿಳಿಸಿದ್ದರಾ ಅನ್ನೋದನ್ನ ಮುಖ್ಯವಾಗಿ ಕೇಳಿತು. ಲೋಕದ ಕೋರ್ಟ್‌ಗಳು ಕೇಳೋ ಪ್ರಶ್ನೆಯನ್ನ ಸಭೆ ಕೇಳದೆ ಇದ್ರೆ ಹೇಗೆ?

ಒಂದು ಅಪವಾದ ಹೇಳಲೇಬೇಕು, ಇಲ್ಲಾಂದ್ರೆ ನನ್ನ ಮಾತನ್ನ ಹಿಡ್ಕೊಂಡು ಯಾರಾದ್ರೂ ಬಲಹೀನರ ಬಾಯಿ ಮುಚ್ಚಿಸ್ತಾರೆ. ಅಪೊಸ್ತಲರ ಕೃತ್ಯಗಳು 23ರಲ್ಲಿ ಪೌಲನನ್ನ ಕೊಲ್ಲೋಕೆ ಹೊಂಚು ಹಾಕ್ತಾರೆ. ಪೌಲನ ಸೋದರಳಿಯನಿಗೆ ಅದು ಗೊತ್ತಾಗಿ, ಸಹಸ್ರಾಧಿಪತಿಯನ್ನ ಏಕಾಂತದಲ್ಲಿ ಕಂಡು ತಿಳಿಸ್ತಾನೆ. ಹೊಂಚು ಹಾಕಿದವರಿಗೆ ಮೊದಲು ತಿಳಿಸಿ ಬಾ ಅಂತ ಯಾರೂ ಅವನಿಗೆ ಹೇಳಲಿಲ್ಲ. ಸಹೋದರಿಯರೇ, ಮೇಲಧಿಕಾರಿ ನಿಮಗೆ ಅಸಹ್ಯವಾಗಿ ಬರೀತಿದ್ರೆ ಪ್ರತಿಯೊಂದನ್ನೂ ಉಳಿಸಿ ಇಟ್ಕೊಳ್ಳಿ. ಅವನಿಗೆ ಹೇಳೋ ಅಗತ್ಯ ಇಲ್ಲ. 2013ರ ಕಾಯ್ದೆ ಪ್ರಕಾರ ಹತ್ತು ಅಥವಾ ಹೆಚ್ಚು ಜನ ಕೆಲಸ ಮಾಡೋ ಕಡೆ ಆಂತರಿಕ ಸಮಿತಿ ಇರಲೇಬೇಕು, ಅಲ್ಲಿಗೆ ತಗೊಂಡು ಹೋಗಿ. ಮೇಲಿರೋನು ಕೆಳಗಿರೋರನ್ನ ಕದ್ದು ನೋಡೋದೂ, ಕೆಳಗಿರೋಳು ಪೆಟ್ಟು ತಪ್ಪಿಸ್ಕೊಳ್ಳೋಕೆ ಸಾಕ್ಷಿ ಉಳಿಸಿಕೊಳ್ಳೋದೂ ಒಂದೇ ತಕ್ಕಡಿಯಲ್ಲಿ ತೂಗಬಾರದು.

ಆದರೆ ಸಾಮಾನ್ಯವಾಗಿ ನಾವು ಬಿಸಿಸಿ ಹಾಕೋದು ಅದಕ್ಕಲ್ಲ. ಪಕ್ಕದ ಟೇಬಲ್ಲಿನವನ ಮೇಲೆ ಸಿಟ್ಟು, ಮೇಲ್‌ನಲ್ಲಿ ಬಹಳ ವಿನಯವಾಗಿ ಬರೀತೀವಿ, ಬಾಸ್‌ಗೆ ಬಿಸಿಸಿ ಹಾಕ್ತೀವಿ, ಅವನು ಏನಾದ್ರೂ ಬಾಯಿ ಜಾರಲಿ ಅಂತ ಕಾಯ್ತೀವಿ. ವಿನಯ ಇವನಿಗಲ್ಲ, ನೋಡ್ತಿರೋ ಬಾಸ್‌ಗೆ. ಮತ್ತಾಯ 18ರಲ್ಲಿ ಕರ್ತನು ಮೆಟ್ಟಿಲು ಹಾಕಿ ಕೊಟ್ಟಿದ್ದಾನೆ. ಸಹೋದರ ತಪ್ಪು ಮಾಡಿದರೆ ಮೊದಲು ನೀನು ಅವನು ಇಬ್ಬರೇ. ಕೇಳದಿದ್ದರೆ ಒಬ್ಬಿಬ್ಬರನ್ನ ಜೊತೆಗೆ ಕರ್ಕೊಂಡು ಹೋಗು. ಕೊನೆಗೆ ಸಭೆ. ಗಮನಿಸಿ, ಎರಡನೇ ಮೆಟ್ಟಿಲಲ್ಲಿ ಸಾಕ್ಷಿಗಳು ಜೊತೆಗೆ ಹೋಗ್ತಾರೆ, ಎದುರಿಗೇ ಕೂರ್ತಾರೆ. ತಾನಾಗೇ ಹೋಗೋ ಬಿಸಿಸಿ ಮೊದಲನೇ ಮೆಟ್ಟಿಲನ್ನೇ ಇಲ್ಲ ಮಾಡುತ್ತೆ. ಇಬ್ಬರೇ ಅನ್ನೋ ಜಾಗ ಆ ಆಫೀಸಲ್ಲಿ ಇನ್ನು ಮೇಲೆ ಇರಲ್ಲ, ಇದೆ ಅಂತ ಜನ ಅಂದುಕೊಂಡಿರ್ತಾರೆ ಅಷ್ಟೇ.

ಆ ಸಹೋದರಿಗೆ ನಾನು ಹೇಳಿದ್ದು: ಮ್ಯಾನೇಜರ್‌ಗೆ ಮೋಸ ಪತ್ತೆ ಮಾಡೋ ಹಕ್ಕಿದೆ, ಹೊಸಬರ ತಪ್ಪು ತಿದ್ದೋ ಜವಾಬ್ದಾರಿ ಇದೆ. ಅದನ್ನ ಅಲ್ಲಗಳೀಬೇಡ. ಸೆಟ್ಟಿಂಗ್ ಮಾಡಲ್ಲ ಅಂತ ಹೇಳಬೇಡ, ತಿಳಿಸಿ ಮಾಡೋಣ ಸರ್ ಅಂತ ಕೇಳು. ಟೀಮಿಗೆ ಒಂದು ಮೇಲ್, ಗ್ರಾಹಕರಿಗೆ ಹೋಗೋ ಪತ್ರದ ಕೆಳಗೆ ಒಂದು ಸಾಲು. ಆಕೆ ಪ್ರಾರ್ಥನೆ ಮಾಡಿ ಹೋಗಿ ಕೇಳಿದಳು. ಟೀಮಿಗೆ ತಿಳಿಸೋಕೆ ಅವರು ಒಪ್ಪಿದ್ದಾರೆ. ಗ್ರಾಹಕರ ಸಾಲು ನೋಡೋಣ ಅಂದಿದ್ದಾರೆ. ಅಲ್ಲಿಗೇ ನಿಂತಿದೆ. ಆಕೆಗೆ ಕೆಲಸ ಬೇಕು, ತಂಗಿಯ ಓದಿಗೆ ದುಡ್ಡು ಕಳಿಸ್ತಿದ್ದಾಳೆ, ಹಾಗಾಗಿ ಇಲ್ಲಿ ಕೂತು ನಾವ್ಯಾರೂ ಆಕೆಗೆ ಧೈರ್ಯದ ಪಾಠ ಹೇಳೋದು ಬೇಡ. ಪ್ರಾರ್ಥನೆ ಮಾಡಿ.

ಈಗ ನಮ್ಮ ಸಭೆಯ ವಿಷಯ. ಪ್ರಾರ್ಥನಾ ವಿಜ್ಞಾಪನೆಗೆ ಅಂತ ನಮ್ಮದೊಂದು ಇಮೇಲ್ ಇದೆ. ನಿಮ್ಮಲ್ಲಿ ಎಷ್ಟೋ ಜನ ಬೆಂಗಳೂರಿನ ಪಿಜಿ ರೂಮಲ್ಲಿ ಕೂತು ರಾತ್ರಿ ಹನ್ನೊಂದಕ್ಕೆ ಅಲ್ಲಿಗೆ ಬರೀತೀರಿ. ಉತ್ತರ ಬರೆಯೋನು ನಾನು. ಹಿರಿಯರು ಹೋದ ತಿಂಗಳು ಹೇಳಿದರು, ಪಾಸ್ಟರ್ ಕಳಿಸೋ ಪ್ರತಿ ಉತ್ತರದ ನಕಲು ತಾನಾಗೇ ಇಬ್ಬರು ಹಿರಿಯರಿಗೆ ಹೋಗಲಿ. ನನಗೆ ಬೇಜಾರಾಗಲಿಲ್ಲ. ಒಬ್ಬ ಗಂಡಸು ಯೌವನದ ಹೆಣ್ಣುಮಕ್ಕಳಿಗೆ ಯಾರೂ ನೋಡದ ಕಡೆ ಪತ್ರ ಬರೀತಾನೆ ಅಂದ್ರೆ, ಅವನು ಪಾಸ್ಟರ್ ಆದ್ರೂ, ಪಾಸ್ಟರ್ ಆಗಿರೋದರಿಂದಲೇ, ಒಬ್ಬ ಸಾಕ್ಷಿ ಇರೋದು ಒಳ್ಳೇದು. ಸೇವೆಯಲ್ಲಿ ಬಿದ್ದವರು ಬಹಳ ಜನ ಬಿದ್ದಿದ್ದು ಸಾಕ್ಷಿ ಇಲ್ಲದ ಜಾಗದಲ್ಲಿ.

ನಾನು ಒಪ್ಪದೆ ಇದ್ದಿದ್ದು ಒಂದಕ್ಕೆ. ಬಿಸಿಸಿ ಸಾಕು, ಮಕ್ಕಳಿಗೆ ಹೇಳಿದ್ರೆ ಬರೆಯೋದನ್ನೇ ನಿಲ್ಲಿಸ್ತಾರೆ ಅಂತ ಒಬ್ಬ ಹಿರಿಯರು ಪ್ರೀತಿಯಿಂದಲೇ ಅಂದರು. ಅವರ ಮಾತು ಸುಳ್ಳಲ್ಲ. ಹೇಳಿದರೆ ಕೆಲವರು ನಿಲ್ಲಿಸ್ತೀರಿ. ಗರ್ಭ ಕಳಕೊಂಡದ್ದನ್ನ, ಅಪ್ಪ ಕುಡಿದು ಬಂದು ಹೊಡೆಯೋದನ್ನ, ಸಾಯಬೇಕು ಅನ್ಸುತ್ತೆ ಅನ್ನೋದನ್ನ ಮೂರು ಜನ ಓದ್ತಾರೆ ಅಂದ್ರೆ ಯಾರು ಬರೀತಾರೆ? ಇದು ನಿಜವಾದ ನಷ್ಟ. ನಾನು ಅದನ್ನ ಚಿಕ್ಕದು ಮಾಡಿ ಹೇಳಲ್ಲ. ಆದರೂ ಹೇಳದೆ ಇಟ್ಟುಕೊಂಡರೆ ನೀವು ಬರೆಯೋದು ನನ್ನ ಮೇಲಿನ ನಂಬಿಕೆಯಿಂದ, ಓದೋದು ನೀವು ನಂಬದ ಇನ್ನಿಬ್ಬರು. ಆ ನಂಬಿಕೆ ನನ್ನ ಸ್ವಂತ ಆಸ್ತಿ ಅಲ್ಲ, ಇನ್ನೊಬ್ಬರಿಗೆ ಹಂಚೋಕೆ. ಜ್ಞಾನೋಕ್ತಿ 25:9 ತೆಗೆದು ನೋಡಿ, ಇನ್ನೊಬ್ಬರ ಗುಟ್ಟಿನ ಬಗ್ಗೆ ಏನು ಹೇಳಿದೆ ಅಂತ.

ಹಾಗಾಗಿ ಹೀಗೆ ತೀರ್ಮಾನ ಮಾಡಿದ್ದೀವಿ. ಈ ಭಾನುವಾರದಿಂದ ನನ್ನ ಉತ್ತರಗಳ ನಕಲು ಇಬ್ಬರಿಗೆ ಹೋಗುತ್ತೆ, ಸಿಸಿಯಲ್ಲಿ, ಕಾಣೋ ಹಾಗೆ. ಒಬ್ಬರು ಹಿರಿಯರು, ಇನ್ನೊಬ್ಬರು ಸ್ತ್ರೀಯರ ಕೂಟ ನಡೆಸೋ ಆಂಟಿ. ನೀವು ಬರೆದ ತಕ್ಷಣ ಮೊದಲು ಒಂದು ಚಿಕ್ಕ ಉತ್ತರ ಬರುತ್ತೆ, ಅದರಲ್ಲಿ ಅವರಿಬ್ಬರ ಹೆಸರಿರುತ್ತೆ, ನಿಮ್ಮ ಪತ್ರದ ಮಾತು ಒಂದೂ ಇರಲ್ಲ. ಬೇಡ ಅನ್ನಿಸಿದರೆ ಅಲ್ಲೇ ನಿಲ್ಲಿಸಿ, ನಿಮ್ಮ ಪತ್ರ ಮುಂದೆ ಹೋಗಲ್ಲ. ಒಂದೇ ಒಂದು ಅಪವಾದ, ಜೀವಕ್ಕೆ ಅಪಾಯ ಇರೋ ಮಾತಾದರೆ ನಾನು ಸುಮ್ಮನೆ ಕೂರಲ್ಲ, ಆಗಲೂ ನಿಮಗೆ ಹೇಳಿಯೇ ಹೆಜ್ಜೆ ಇಡ್ತೀನಿ.

ನಿನ್ನೆ ಒಬ್ಬಳು ಕೇಳಿದಳು, “ಹಾಗಾದ್ರೆ ಅಣ್ಣಾ, ಮೂರು ಜನಕ್ಕೆ ಹೇಳೋಕಾಗದೆ ಇರೋದನ್ನ ಎಲ್ಲಿ ಹೇಳಲಿ?” ಊರಿಗೆ ಬಂದಾಗ ಬಾಮ್ಮ. ಪ್ರಾರ್ಥನಾ ಹಾಲಿನ ಬಾಗಿಲು ತೆಗೆದಿರುತ್ತೆ, ನಾವು ಮುಂದಿನ ಸಾಲಲ್ಲಿ ಕೂರೋಣ, ನನ್ನ ಹೆಂಡತಿ ಬಾಗಿಲ ಹತ್ತಿರದ ಬೆಂಚಲ್ಲಿ ಕೂತಿರ್ತಾಳೆ. ಅವಳಿಗೆ ನಾವು ಕಾಣ್ತೀವಿ, ಮಾತು ಕೇಳಲ್ಲ. ಬರೋಕಾಗದಿದ್ದರೆ ಆಂಟಿಗೆ ಫೋನ್ ಮಾಡು, ಅವರು ಒಬ್ಬರೇ ಕೇಳ್ತಾರೆ.

ಎಲ್ಲರೂ ಎದ್ದು ನಿಲ್ಲೋಣ. ಆ ಸಹೋದರಿಗೋಸ್ಕರ, ಆಕೆಯ ಮ್ಯಾನೇಜರ್‌ಗೋಸ್ಕರವೂ, ಕಣ್ಣು ಮುಚ್ಚಿ ಪ್ರಾರ್ಥಿಸೋಣ.